ಹಳೇ ಸ್ಟೇಷನ್ನಿನ ಪುಸ್ತಕಕ್ಕೆ ಅರ್ಪಣೆ

ಖಾಸಬಾಗ, ಬೆಳಗಾವಿ
೧೭ ನವೆಂಬರ್ ೨೦೨೪

ಮಗಳೇ ಬ್ರಾಹ್ಮಿ,

ಜೈ ಜಿನೇಂದ್ರ. ನೀನೂ ಅಳಿಯಂದಿರೂ ಹುಬ್ಬಳ್ಳಿಯಲ್ಲಿ ಆರಾಮ ಇದ್ದೀರೆಂದು ತಿಳಿದಿದ್ದೇನೆ. ಇಲ್ಲಿ ನನ್ನ ತಮ್ಮನ ಮನೆಯವರೆಲ್ಲ ನನ್ನನ್ನು ಚೆನ್ನಾಗಿ ನೋಡಿಕೊಂಡಿದ್ದಾರೆ. ನೀ ಕಳಿಸಿದ ಪುಸ್ತಕದ ಕರಡು ಕೈಸೇರಿ ಐದು ವಾರವಾಯಿತು. ಮೂರು ಸಲ ಫೋನ್ ಮಾಡಿದಿ, ಮೂರೂ ಸಲ ಕಣ್ಣಿನ ನೆಪ ಹೇಳಿದೆ. ಕಣ್ಣಿಗೆ ಏನೂ ಆಗಿಲ್ಲ. ಪೊರೆ ತೆಗೆಸಿದ ಮೇಲೆ ಸೂಜಿಗೆ ದಾರ ನಾನೇ ಪೋಣಿಸುತ್ತೇನೆ. ತಡಕ್ಕೆ ಬೇರೆ ಕಾರಣ ಇದೆ. ಸಿಟ್ಟಾಗಬೇಡ.

ಮೊದಲು ಕರಡಿನ ಮಾತು. ನನ್ನ ಹನ್ನೊಂದು ನೋಟುಬುಕ್ಕುಗಳ ಗೀಚುಬರಹವನ್ನು ಎರಡು ವರ್ಷ ಕೂತು ಟೈಪ್ ಮಾಡಿದ್ದಿ. ಖಾನಾಪುರದಿಂದ ಬೆಳಗಾವಿಯ ಸಾಲಿಗೆ ಪಾಠ ಹೇಳಲು ಇಪ್ಪತ್ತಾರು ವರ್ಷ ದಿನಾ ಗಾಡಿಯಲ್ಲಿ ಬಂದು ಹೋದ ಮಾಸ್ತರನ ಹಳೇ ಸ್ಟೇಷನ್ನಿನ ಹುಚ್ಚು ಒಂದು ಪುಸ್ತಕ ಆದೀತು ಅಂತ ನಾನು ಎಣಿಸಿರಲಿಲ್ಲ. ತಪ್ಪು ಕಡಿಮೆ. ಒಂಬತ್ತನೇ ಪುಟದಲ್ಲಿ, ದಕ್ಷಿಣ ಮರಾಠಾ ರೈಲ್ವೆ ಕಂಪನಿಯವರು ಹಾಕಿದ ಹಳಿ ಮೀಟರ್‌ಗೇಜ್. ನ್ಯಾರೋಗೇಜ್ ಅಂತಾಗಿದೆ, ತಿದ್ದು. ಗೋಡೆ ಕರಿಕಲ್ಲಿನದು ಎಂಬಲ್ಲಿ ಇನ್ನೊಂದು ಸಾಲು ಸೇರಿಸು: ಮೇ ತಿಂಗಳ ಮಧ್ಯಾಹ್ನದಲ್ಲೂ ಟಿಕೀಟಿನ ಕೋಣೆ ತಣ್ಣಗಿರುತ್ತಿತ್ತು, ಗೋಡೆ ಅಷ್ಟು ದಪ್ಪ. ಹಂಚಿನ ಸೂರಿನ ಅಂಚಿಗಿದ್ದ ಕಟ್ಟಿಗೆಯ ಕೊರೆತಕ್ಕೆ 'ಅಲಂಕಾರ ಪಟ್ಟಿ' ಅಂತ ಬರೆದಿದ್ದಿ. 'ಝಾಲರ' ಅಂತಲೇ ಇರಲಿ. ಇಲ್ಲಿಯ ಬಡಿಗೇರರು ಹಾಗೇ ಅನ್ನುತ್ತಿದ್ದರು.

ಚಿತ್ರಗಳ ಕೆಳಗಿನ ಅಳತೆ ತಾಳೆ ನೋಡೋಣವೆಂದು ಹೋದ ವಾರ ಸ್ಟೇಷನ್ನಿಗೆ ಹೋಗಿದ್ದೆ. ತಾಳೆ ನೋಡಲು ಅಲ್ಲಿ ಏನು ಉಳಿದಿದೆ? ಹಳೇದು ಕೆಡವಿ ಹೊಸದು ಕಟ್ಟಿದ್ದಾರೆ. ಬೈಯುವಂಥದ್ದೇನಲ್ಲ. ಎತ್ತರದ ಹಾಲ್, ಧಾರಾಳ ಬೆಳಕು, ನನ್ನಂಥ ಮುದುಕರಿಗೆ ಲಿಫ್ಟು. ಆದರೂ ಹಳೇ ಮುಖಮಂಟಪದ ಕಂಬಗಳು ಎಲ್ಲಿದ್ದವೆಂದು ಹೆಜ್ಜೆ ಎಣಿಸಿ ಹುಡುಕಿದೆ. ಎರಡು ಸಲ ಎಣಿಸಿದೆ. ಸಿಗಲಿಲ್ಲ.

ಅಲ್ಲೇ ಕಲ್ಲಯ್ಯ ಸಿಕ್ಕ. ಹಳೇ ಸ್ಟೇಷನ್ನಿನಲ್ಲಿ ಪುಸ್ತಕದ ಅಂಗಡಿ ನೋಡಿಕೊಳ್ಳುತ್ತಿದ್ದವನು. ಅವನ ಹೆಸರು ಕೇಳಿದರೆ ನಿನಗಾಗುವುದಿಲ್ಲ, ಗೊತ್ತು. ನಿನ್ನ ಅವ್ವ ತೀರಿಕೊಂಡ ದಿನ ಖಾನಾಪುರದಿಂದ ಅವನ ಅಂಗಡಿಗೆ ಬಂದ ಫೋನಿನ ಸುದ್ದಿಯನ್ನು ನನಗೆ ತಡಮಾಡಿ ಹೇಳಿದ ಅಂತ ಇಪ್ಪತ್ತು ವರ್ಷದಿಂದ ಅವನ ಜೋಡಿ ಮಾತು ಬಿಟ್ಟಿದ್ದಿ. ನಾನು ಬರೆದ ಕೃತಜ್ಞತೆಯ ಪಟ್ಟಿಯಿಂದ ಅವನ ಹೆಸರು ತೆಗೆದಿದ್ದೂ ಕಂಡೆ. ಈಗ ಮಚ್ಛೆಯಲ್ಲಿ ಮಗನ ಹತ್ತಿರ ಇದ್ದಾನೆ. ಮೊಳಕಾಲು ಬಗ್ಗುವುದಿಲ್ಲ. ಮೊಮ್ಮಗಳನ್ನು ಕರೆದೊಯ್ಯಲು ಬಂದಿದ್ದ.

"ಬರ್ರಿ ಮಾಸ್ತರ, ಕುಂದರ್ರಿ" ಅಂದ. ಬಾಜು ಕೂತು ಕರಡು ತೋರಿಸಿದೆ. ಮುಖಮಂಟಪದ ಚಿತ್ರದ ಮೇಲೆ ಬಹಳ ಹೊತ್ತು ಕೈ ಇಟ್ಟುಕೊಂಡ.

"ಛಲೋ ಆಗೇತ್ರಿ. ನಿಮ್ಮ ಮನಿ ಬಾಯಾರ ಹೆಸರು ಎಲ್ಲಿಯರ ಹಾಕೀರೇನು?"

"ಬ್ರಾಹ್ಮಿ ಅರ್ಪಣೆ ಬರದಾಳ."

"ಅಕಿಗೆ ಇನ್ನೂ ನನ್ನ ಮ್ಯಾಲ ಸಿಟ್ಟು ಐತೇನ್ರಿ?"

ನಾನು ಕರಡು ಚೀಲಕ್ಕೆ ಹಾಕಿದೆ. ಗಾಡಿ ಬಂತು, ಅವನು ಕುಂಟುತ್ತ ಎದ್ದು ಹೋದ.

ಮನೆಗೆ ಬಂದು ನೀ ಬರೆದ ಅರ್ಪಣೆಯನ್ನು ಮತ್ತೊಮ್ಮೆ ಓದಿದೆ. 'ಅಪ್ಪನ ಟೇಪಿನ ಇನ್ನೊಂದು ತುದಿ ಹಿಡಿದ ಅವ್ವ ಸುಂದರಾಬಾಯಿಗೆ.' ಖರೇ ಹೇಳಬೇಕೆಂದರೆ ಇಡೀ ಪುಸ್ತಕದಲ್ಲಿ ಅಷ್ಟು ಚಂದದ ಸಾಲು ನನ್ನದೊಂದೂ ಇಲ್ಲ. ಸುಳ್ಳೂ ಅಲ್ಲ. ಮದುವೆಯಾದ ಹೊಸತರಲ್ಲಿ ಸಿನಿಮಾ ತೋರಿಸುತ್ತೇನೆಂದು ಖಾನಾಪುರದಿಂದ ಕರೆತಂದು ಅವಳನ್ನು ಸ್ಟೇಷನ್ನಿನ ಕಮಾನಿನ ಕೆಳಗೆ ಅಳತೆಯ ಟೇಪು ಹಿಡಿಸಿ ನಿಲ್ಲಿಸಿದ್ದೆ. ಹೋಗಿ ಬರುವ ಜನ ನಗುತ್ತಿದ್ದರು. ಅವಳು ಟೇಪು ಬಿಡಲಿಲ್ಲ. "ಈ ಕಲ್ಲಿನ ಜೋಡಿ ಮಾತಾಡಿದಷ್ಟು ನನ್ನ ಜೋಡಿ ಮಾತಾಡ್ರಿ, ಸಾಕು" ಅಂದಳು. ನಾನು ನಕ್ಕೆ. ಅದು ಬೇಡಿಕೆ ಅಂತ ತಿಳಿಯಲೇ ಇಲ್ಲ. ರವಿವಾರಗಳೂ ಆ ಕಟ್ಟಡಕ್ಕೇ ಹೋದವು. ಬುತ್ತಿ ಕಟ್ಟಿಕೊಂಡು ಒಂದು ದಿನ ಗುಂಜಿಯ ಅಡವಿ ಕಡೆ ಹೋಗೂಣು ಅಂತ ಎಷ್ಟು ವರ್ಷ ಕೇಳಿದಳು. ಖಾನಾಪುರದಿಂದ ಅದೇನು ದೂರ! ಹೋಗಲಿಲ್ಲ.

ಎರಡು ಬದಲಾವಣೆ ಮಾಡು. ಅರ್ಪಣೆಯ ಸಾಲು ತೆಗೆ. ಕಲ್ಲಯ್ಯನ ಹೆಸರನ್ನು ಮೊದಲಿದ್ದ ಜಾಗದಲ್ಲೇ ಹಾಕು. ಯಾಕೆಂದು ಫೋನಿನಲ್ಲಿ ಹೇಳಲು ನಾಲಿಗೆ ಏಳಲಿಲ್ಲ.

ಅಳಿಯಂದಿರಿಗೆ ನನ್ನ ನೆನಪು ತಿಳಿಸು. ಪುಸ್ತಕದ ಕೆಲಸವೆಂದು ಊಟ ನಿದ್ದೆ ಬಿಡಬೇಡ. ಎದುರಿಗಿರುವ ಮನುಷ್ಯರ ಕಡೆ ಮೊದಲು ನೋಡುವ ಗುಣ ನಿನಗೆ ಅವ್ವನಿಂದ ಬಂದಿದೆ. ಅದು ಕಡೆತನಕ ನಿನ್ನ ಜೋಡಿ ಇರಲಿ ಅಂತ ಹರಸುತ್ತೇನೆ.

ನಿನ್ನ ಅಪ್ಪ,
ಪಾರೀಸ

ತಾ.ಕ.: ಲಕೋಟೆ ಅಂಟಿಸಿ ಮತ್ತೆ ಬಿಚ್ಚಿದೆ. ಕಲ್ಲಯ್ಯ ತಡ ಮಾಡಲಿಲ್ಲ, ಬ್ರಾಹ್ಮಿ. ಆ ಶನಿವಾರ ಸಾಲಿ ಬಿಟ್ಟು ನಾನು ಮುಖಮಂಟಪಕ್ಕೆ ಬಂದಾಗ ಕೆಲಸಗಾರರು ಕಂಬದ ಹಳೇ ಬಣ್ಣ ಕೆರೆದಿದ್ದರು. ಕಲ್ಲು ಕಡಿದವರು ಬಿಟ್ಟ ಗುರುತುಗಳು ಎದ್ದು ಕಂಡವು. ಮೀನು, ಬಾಣ, ಒಂದು ಕಡೆ 'ಮೈಲಾರ' ಅಂತ ಮೂರಕ್ಷರ. ಸಂಜೆಗೆ ಮತ್ತೆ ಬಣ್ಣ ಬೀಳುವುದಿತ್ತು. ಕಾಗದ ಇಟ್ಟು ಪೆನ್ಸಿಲ್ ತಿಕ್ಕಿ ಅವನ್ನು ಇಳಿಸಿಕೊಳ್ಳುತ್ತಿದ್ದೆ. ಕಲ್ಲಯ್ಯ ಓಡಿ ಬಂದು, "ಮಾಸ್ತರ, ನಿಮ್ಮ ಬಾಜು ಮನಿ ನಾಗರತ್ನಾ ಬಾಯಾರು ಫೋನ್ ಮಾಡ್ಯಾರ. ನಿಮ್ಮ ಮನ್ಯಾಗ ಬಾಯಾರಿಗೆ ಎದಿನೋವು ಅಂತ. ಗಾಡಿ ನಿಂತೈತಿ, ಹತ್ರಿ" ಅಂದ. ಪಿತ್ತ ಇರಬೇಕು, ಮುಂದಿನ ಗಾಡಿಗೆ ಹೋಗತೀನಿ ಅಂದೆ. ಗಾಡಿ ನನ್ನ ಕಣ್ಣೆದುರೇ ಹೊರಟಿತು. ನಾನು ಮನೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಧಾರವಾಡದ ಹಾಸ್ಟೆಲ್ಲಿನಿಂದ ಬಂದ ನೀನು "ಯಾಕ ತಡಾ ಆತು ಅಪ್ಪಾ?" ಅಂತ ಕೇಳಿದಾಗ ಕಲ್ಲಯ್ಯನ ಹೆಸರು ಬಾಯಿಗೆ ಬಂತು. ಅದು ಅವನಿಗೂ ಗೊತ್ತಾಯಿತು. ಆದರೂ ಅವನು ಇವತ್ತಿನವರೆಗೆ ಯಾರೆದುರೂ ಬಾಯಿ ಬಿಟ್ಟಿಲ್ಲ.

ನಾಗರತ್ನಾ ನನಗೊಬ್ಬನಿಗೇ ಒಂದು ಮಾತು ಹೇಳಿದ್ದಾಳೆ. ನಮ್ಮ ಮನೆ ಖಾನಾಪುರ ಸ್ಟೇಷನ್ನಿನ ಹಿಂದಿನ ಓಣಿಯಲ್ಲಿತ್ತಲ್ಲ, ನಾನು ಹತ್ತದೆ ಬಿಟ್ಟ ಆ ಗಾಡಿ ಬಂದು ನಿಂತ ಸಪ್ಪಳ ನಿನ್ನ ಅವ್ವನಿಗೆ ಕೇಳಿಸಿತಂತೆ. ಮಲಗಿದಲ್ಲೇ ಸೆರಗು ಸರಿಮಾಡಿಕೊಂಡು, "ಬಂದ್ರು. ಬಾಗಲಾ ತಗದಿಡು" ಅಂದಳಂತೆ.