ಹುಲಿಗೆಮ್ಮನ ಮುಚ್ಚಿದ ಡಬ್ಬಿ

ಹೂಳುಶಕ ಅರವತ್ತೊಂದು, ನೀರಿಳಿದ ಇಪ್ಪತ್ತನೆಯ ದಿನ. ನಿಮ್ಮ ಲೆಕ್ಕದಲ್ಲಿ ಇಸವಿ ಎರಡು ಸಾವಿರದ ನೂರ ಎಂಬತ್ತೆಂಟು. ತಿಂಗಳು ಮಾತ್ರ ನಿಮ್ಮ ಕ್ಯಾಲೆಂಡರಿನಲ್ಲಿ ಸಿಗುವುದಿಲ್ಲ, ಹುಡುಕಬೇಡಿ.

ಕ್ಯಾಮೆರಾ ಹಿಡಿದು ಓಡಾಡುವ ಹುಡುಗಿಗೆ, ಮತ್ತು ಅವಳು ಎಲ್ಲಿಗೆ ಹೋದಳೆಂದು ಬಾಗಿಲಲ್ಲಿ ನಿಂತು ನೋಡುವ ಅವಳ ಅಪ್ಪನಿಗೆ, ಗಾದಿಲಿಂಗಪ್ಪನ ಶರಣು.

ನಾನು ಯಾರೆಂದರೆ, ಈ ಸೀಮೆಯ ನದಿಗೆ ಬಳುಕುವುದನ್ನು ಕಲಿಸಿದವನು. ಮೊದಲು ಅದು ನೆಟ್ಟಗೆ ಹರಿಯುತ್ತಿತ್ತು. ನನಗೆ ಹನ್ನೆರಡು ವರ್ಷವಿದ್ದಾಗ ಒಂದು ದಿನ ದಡದಲ್ಲಿ ನಿಂತು ಗದರಿಸಿದೆ, ಅವತ್ತಿನಿಂದ ನನ್ನನ್ನು ಕಂಡರೆ ಪಕ್ಕಕ್ಕೆ ಸರಿದು ಹೋಗುತ್ತದೆ. ಇನ್ನು ವಿದ್ಯೆ ಎಂದರೆ ಊರ ಶಾಲೆಯಲ್ಲಿ ಏಳನೆಯ ಕ್ಲಾಸು. ಎಂಟನೆಯದು ನಮ್ಮ ಶಾಲೆಯಲ್ಲಿ ಇರಲಿಲ್ಲ. ಇದ್ದಿದ್ದರೆ ಮೇಷ್ಟ್ರು ನನ್ನಿಂದಲೇ ಪಾಠ ಹೇಳಿಸುತ್ತಿದ್ದರು. ಆದ್ದರಿಂದ ಈ ಕಾಗದದಲ್ಲಿ ಕೆಲವು ಮಾತು ನಿಮಗೆ ಒರಟಾಗಿ, ಕೆಲವು ಅರ್ಥವೇ ಆಗದಂತೆ ಕಂಡರೆ ಕ್ಷಮಿಸಬೇಕು. ಆಯಾ ಜಾಗದಲ್ಲೇ ಬಿಡಿಸಿ ಹೇಳುತ್ತಾ ಹೋಗುತ್ತೇನೆ. ನೀವು ಇದನ್ನು ನಂಬುವುದಿಲ್ಲ ಎಂಬುದೂ ಗೊತ್ತು. ನಾನೂ ನಿಮ್ಮನ್ನು ಪೂರ್ತಿ ನಂಬಿಲ್ಲ. ಹಾಗಾಗಿ ಇಬ್ಬರೂ ಸಮ.

ನಿಮ್ಮ ಕಾಲದಲ್ಲಿ ಒಂದು ದೊಡ್ಡ ಜಲಾಶಯ ಇದ್ದಲ್ಲಿ ನಮ್ಮ ಊರಿದೆ. ನೀರು ನಿಂತ ಕಡೆ ಹೂಳು ತುಂಬಿತು, ಹೂಳಿನ ಮೇಲೆ ಜನ ತುಂಬಿದರು. ಅವತ್ತಿನಿಂದ ನಮ್ಮ ಶಕ ಶುರು. ಮನೆಗಳು ಮರದ ಕಾಲುಗಳ ಮೇಲೆ ನಿಂತಿವೆ. ಮಳೆಗಾಲದಲ್ಲಿ ನೀರು ಬಂದು ಕಾಲು ತೊಳೆದು ಹೋಗುತ್ತದೆ, ಎಮ್ಮೆಗಳು ಅಟ್ಟದ ಮೇಲೆ ನಮ್ಮ ಪಕ್ಕದಲ್ಲೇ ಮೆಲುಕು ಹಾಕುತ್ತವೆ. ನೀರಿಳಿದ ಮೇಲೆ ಕಲ್ಲಂಗಡಿ, ಸೌತೆ, ಸಜ್ಜೆ, ಏನು ಚೆಲ್ಲಿದರೂ ಬರುತ್ತದೆ. ತೊಂದರೆ ಒಂದೇ: ಪ್ರತಿ ವರ್ಷ ಬದುಗಳೆಲ್ಲ ಅಳಿಸಿಹೋಗಿರುತ್ತವೆ. ಯಾರ ಹೊಲ ಎಲ್ಲಿಗೆ ಮುಗಿಯಿತು ಎಂಬುದು ದೇವರಿಗೂ ಗೊತ್ತಿಲ್ಲ, ಪಕ್ಕದ ಹೊಲದವನಿಗೆ ಮಾತ್ರ ಗೊತ್ತಿರುತ್ತದೆ.

ಹಿಂದೆ ಇದಕ್ಕೆಲ್ಲ ಯಂತ್ರದ ಚಿತ್ರ ತೋರಿಸುತ್ತಿದ್ದರಂತೆ. ಆಮೇಲೆ ಕಟ್ಟುಪಟಗಳ ಕಾಲ ಬಂತು. ಯಾರೂ ನೋಡದೆ, ಯಾರೂ ತೆಗೆಯದೆ, ಯಂತ್ರ ತಾನೇ ಕಟ್ಟಿಕೊಡುವ ಚಿತ್ರಕ್ಕೆ ಆ ಹೆಸರು. ಸತ್ತವರು ಬಂದು ಹೊಲ ಮಾರಿದರು. ಮನೆಬಿಟ್ಟು ಕದಲದ ಹೆಣ್ಣುಮಕ್ಕಳು ಕಂಡರಿಯದವರ ಜೊತೆ ಕಂಡರು. ಒಬ್ಬ ತಾಯಿ ತನ್ನ ಮಗನ ಮುಖ ಹೊತ್ತ ಚಿತ್ರದ ಜೊತೆ ಆರು ತಿಂಗಳು ಮಾತಾಡಿದಳಂತೆ. ಅಲ್ಲಿಂದ ನಮ್ಮ ಸೀಮೆಗೆ ಅನುಮಾನ ಎಂಬುದು ಊಟದಷ್ಟೇ ಸಹಜವಾಯಿತು. ನೀವು ಎದುರು ಸಿಕ್ಕವರಿಗೆ ನಮಸ್ಕಾರ ಎನ್ನುತ್ತೀರಿ. ನಾವು "ನೀನೇನಾ?" ಎನ್ನುತ್ತೇವೆ. ಅವರು "ನಾನೇ, ಮುಟ್ಟಿ ನೋಡು" ಎನ್ನಬೇಕು. ಮುಟ್ಟಿಯೂ ನೋಡುತ್ತೇವೆ.

ಈಗ ನಮ್ಮಲ್ಲಿ ಬದುವಿನ ಸಾಕ್ಷಿಗೆ ನಡೆಯುವುದು ಡಬ್ಬಿಯ ಪಟ ಒಂದೇ. ತಗಡಿನ ಡಬ್ಬಿ, ಒಳಗೆ ಮಸಿ, ಒಂದು ಮಗ್ಗುಲಲ್ಲಿ ಸೂಜಿಯಷ್ಟು ತೂತು, ಎದುರಿಗೆ ಬೆಳ್ಳಿಯುಪ್ಪು ಸವರಿದ ಕಾಗದ. ತೂತಿನ ಮುಚ್ಚಳ ತೆಗೆದು ನೂರು ಉಸಿರು ಎಣಿಸಿ ಮತ್ತೆ ಮುಚ್ಚಬೇಕು. ಇದನ್ನು ಮಾಡುವವಳು ಪಟಗಾತಿ. ಹುಡುಗಿಯರೇ ಯಾಕೆಂದರೆ, ಹೆಣ್ಣಿನ ಹೆಸರಿಗೆ ಇಲ್ಲಿ ಹೊಲವಿಲ್ಲ, ಹೊಲವಿಲ್ಲದವಳಿಗೆ ಸುಳ್ಳು ಹೇಳಲು ಕಾರಣವಿಲ್ಲ ಎಂದು ಹಿರಿಯರು ತೀರ್ಮಾನಿಸಿದರು. ನನ್ನ ಅಕ್ಕನ ಮಗಳು ಹುಲಿಗೆಮ್ಮ ಹದಿನೇಳನೆಯ ವಯಸ್ಸಿಗೆ ಡಬ್ಬಿ ಹಿಡಿಯುತ್ತೇನೆಂದು ಹೆಸರು ಕೊಡಲು ಹೋದಾಗ ಈ ತೀರ್ಮಾನವನ್ನು ಓದಿ ಹೇಳಿದರು. ಅವಳು ಕೇಳಿದಳು, "ಹಂಗಾದ್ರೆ ಸುಳ್ಳು ಹೇಳಾಕಾದ್ರೂ ಒಂದು ಎಕರೆ ಕೊಡ್ರಿ, ಹೇಳ್ತೀನೋ ಇಲ್ಲೋ ನೋಡೋಣು." ಹಿರಿಯರು ಕೆಮ್ಮಿದರು. ನನಗೆ ನಗು ತಡೆಯಲಾಗಲಿಲ್ಲ. ಅವಳ ನಾಲಿಗೆ ನಮ್ಮ ಕಡೆಯದು.

ಪಟಗಾತಿಯ ಮೊದಲ ಪಟಕ್ಕೆ ಎರಡು ಕಟ್ಟಳೆ. ಒಂದು, ಅದು ಸ್ವಂತ ನೆಂಟರ ಹೊಲದ್ದೇ ಆಗಬೇಕು. ಕೆಟ್ಟರೆ ಮನೆಯವರದೇ ಕೆಡಲಿ ಎಂದು. ಅವಳಿಗೆ ಸಿಕ್ಕ ನೆಂಟ ನಾನು. ಎರಡು, ಅವಳಪ್ಪನೇ ಶಂಕೆದಾರನಾಗಿ ನಿಲ್ಲಬೇಕು. ಶಂಕೆದಾರನೆಂದರೆ ಪಟ ತೆಗೆಯುವಾಗ ಪಕ್ಕದಲ್ಲಿದ್ದು, ಒಂಬತ್ತನೆಯ ದಿನ ಊರೆದುರು ಗುಡಾರದಲ್ಲಿ ಪಟ ತೊಳೆದ ಮೇಲೆ ಅವಳ ಮೇಲಿನ ಅನುಮಾನಗಳನ್ನು ಗಟ್ಟಿಯಾಗಿ ಕೇಳುವವನು. ಮಗಳ ಮೇಲಿನ ಪ್ರೀತಿಗೆ ಮೆತ್ತಗೆ ಕೇಳಿದರೆ ಪಟ ಬಿದ್ದುಹೋಗುತ್ತದೆ. ನಿಮ್ಮ ಕಾಲದ ಅಪ್ಪಂದಿರು ಈ ಕೆಲಸವನ್ನು ಕಟ್ಟಳೆಯಿಲ್ಲದೆಯೇ ಮಾಡುತ್ತಿದ್ದರೆಂದು ಕೇಳಿದ್ದೇನೆ.

ಹುಲಿಗೆಮ್ಮನ ಅಪ್ಪ, ನನ್ನ ಭಾವ ಎರ್ರಿಸ್ವಾಮಿಗೆ ಅನುಮಾನ ಪಡುವುದೇ ಗೊತ್ತಿರಲಿಲ್ಲ. ಕಲ್ಲಂಗಡಿ ಮಾರಲು ಕೂತರೆ ತೂಕದ ಕಲ್ಲು ಯಾವುದೆಂದು ಕೊಳ್ಳುವವರನ್ನೇ ಕೇಳುವ ಮನುಷ್ಯ. ಇಂಥವನು ಊರೆದುರು ಏನು ಕೇಳಿಯಾನು? ನಾನೇ ಗುರುವಾದೆ. ದಿನಾ ಅವರ ಮನೆ ಜಗಲಿಯಲ್ಲಿ ಕೂತು ಪಾಠ. ಸಾರಿಗೆ ಉಪ್ಪು ಕಡಿಮೆಯೇ? ಯಾಕೆ ಕಡಿಮೆ, ಉಪ್ಪು ಯಾರ ಮನೆಗೆ ಹೋಯಿತು, ಕೇಳ್ರಿ. ಮಗಳು ಹೊಳೆಗೆ ಹೋಗಿ ತಡವಾಗಿ ಬಂದಳೇ? ಎರಡು ಕೊಡ ನೀರಿಗೆ ಎಷ್ಟು ಹೊತ್ತು, ಕೇಳ್ರಿ. ಮೊದಲು ನಾಚಿದ. ಆಮೇಲೆ ಕೇಳಿದ. ತಿಂಗಳೊಳಗೆ ನಾನು ಹೇಳಿಕೊಡದೆಯೇ ಕೇಳತೊಡಗಿದ. ಅವಳು ತಲೆ ಬಾಚಿಕೊಂಡರೆ ಯಾಕೆಂದ, ಬಾಚಿಕೊಳ್ಳದಿದ್ದರೆ ಯಾಕೆಂದ. ಬೆಳಗಿನ ಬೆಳಕು ಕಲಿಯಲು ಅವಳು ದಡಕ್ಕೆ ಹೋದರೆ, ಹಸಿ ಹೂಳಿನಲ್ಲಿ ಅವಳ ಹೆಜ್ಜೆಯ ಪಕ್ಕ ಬೇರೆ ಹೆಜ್ಜೆ ಇದೆಯೇ ಎಂದು ಬಗ್ಗಿ ನೋಡಿಕೊಂಡು ಹಿಂದೆ ಹೋದ. ಹುಲಿಗೆಮ್ಮ ಮನೆಯಲ್ಲಿ ಮಾತು ಕಡಿಮೆ ಮಾಡಿದಳು. ಮಾತು ಕಡಿಮೆಯಾದದ್ದೂ ಅವನಿಗೆ ಒಂದು ಅನುಮಾನವೇ ಆಯಿತು. ನಾನು ಶಿಷ್ಯ ಪಾಸಾದನೆಂದು ಮೀಸೆ ತಿರುವುತ್ತಿದ್ದೆ.

ನೀರಿಳಿದ ದಿನ ನನ್ನ ಹೊಲದ ಅಂಚಿನಲ್ಲಿ ಅಳಿಸಿದ ಬದುವಿನ ಗುರುತಾಗಿ ಒದ್ದೆ ಗೆರೆ ಇರುವಾಗಲೇ ಅವಳು ಪಟ ತೆಗೆದಳು. ಆ ಗೆರೆ ಸಂಜೆಗೆ ಒಣಗಿಹೋಗುತ್ತದೆ, ಎರಡನೆಯ ಪಟಕ್ಕೆ ಅವಕಾಶವಿಲ್ಲ. ನೂರು ಉಸಿರು ಎಣಿಸಿದಳು, ಮುಚ್ಚಿದಳು, ಡಬ್ಬಿಗೆ ದಾರ ಸುತ್ತಿ ಗಂಟು ಹಾಕಿ ಮನೆಯ ಮೂಲೆಯಲ್ಲಿಟ್ಟಳು. ಒಂಬತ್ತು ದಿನ ಯಾರೂ ಮುಟ್ಟುವಂತಿಲ್ಲ. ಮುಚ್ಚಿದ ಡಬ್ಬಿ ಒಂಬತ್ತು ದಿನ ಮನೆಯಲ್ಲಿದ್ದರೆ ಏನಾಗುತ್ತದೆಂದು ಅನುಭವವಿದ್ದವರಿಗೇ ಗೊತ್ತು. ಏಳನೆಯ ದಿನ ಮಧ್ಯಾಹ್ನ ಹುಡುಗಿ ಮನೆಯಲ್ಲಿರಲಿಲ್ಲ. ಭಾವ ಡಬ್ಬಿಯನ್ನೇ ನೋಡುತ್ತಾ ಜಗಲಿಯಲ್ಲಿ ಕೂತಿದ್ದ.

"ಅದರಾಗೆ ನಿನ್ನ ಹೊಲಾನೇ ಐತೋ, ಮತ್ತೇನಾದ್ರೂ ಐತೋ, ಗಾದಿಲಿಂಗಾ?" ಎಂದ.

ನಾನು ಎಲೆಅಡಿಕೆ ಮೆಲ್ಲುತ್ತಾ, ಬರೀ ತಮಾಷೆಗೆ, "ಯಾರದಾದ್ರೂ ಮುಖ ಇರಬೋದು ಬಿಡ್ರಿ. ವಯಸ್ಸಿನ ಹುಡುಗಿ" ಎಂದೆ.

ಅವನು ದಾರ ಬಿಚ್ಚಿ ಮುಚ್ಚಳ ತೆರೆದ. ಬೆಳಕು ಬಿದ್ದರೆ ಕಾಗದ ಕೆಡುತ್ತದೆಂದು ನಮ್ಮ ಊರಿನ ಮೂರು ವರ್ಷದ ಕೂಸಿಗೂ ಗೊತ್ತು. ತೊಳೆಯುವ ತನಕ ಅದರಲ್ಲಿ ಏನೂ ಕಾಣುವುದಿಲ್ಲ ಎಂಬುದೂ ಗೊತ್ತು. ಎರಡೂ ಅವನಿಗೆ ಗೊತ್ತಿತ್ತು, ತೆಗೆಯುವಾಗ ಪಕ್ಕದಲ್ಲೇ ನಿಂತಿದ್ದವನೂ ಅವನೇ. ಅನುಮಾನ ಹೊಕ್ಕವನಿಗೆ ಗೊತ್ತಿರುವುದು ಉಪಯೋಗಕ್ಕೆ ಬರುವುದಿಲ್ಲ. ಒಳಗೆ ಬಿಳಿ ಕಾಗದವಿತ್ತು, ಅದರ ಮೇಲೆ ನಡುಮಧ್ಯಾಹ್ನದ ಬಿಸಿಲು ಬಿದ್ದಿತ್ತು. "ಏನೂ ಇಲ್ಲ" ಎಂದ. ಆಮೇಲೆ ಹೆಗಲ ಟವೆಲ್ಲು ತೆಗೆದು ಡಬ್ಬಿಗೆ ಹೊದಿಸಿದ.

ಇಲ್ಲಿ ನಮ್ಮ ಕಟ್ಟಳೆ ಹೇಳಬೇಕು. ತೊಳೆದಾಗ ಪಟ ಕಪ್ಪಾಗಿ ಬಂದರೆ ಕಾರಣ ಎರಡೇ. ಡಬ್ಬಿ ಸೋರಿದ್ದರೆ ತಪ್ಪು ಪಟಗಾತಿಯದು. ಹೊಲಕ್ಕೆ ಕಳೆದ ವರ್ಷದ ಪಟವೇ ಸಾಕ್ಷಿಯಾಗಿ ನಿಲ್ಲುತ್ತದೆ, ಹುಡುಗಿ ಜನ್ಮದಲ್ಲಿ ಮತ್ತೆ ಡಬ್ಬಿ ಮುಟ್ಟುವಂತಿಲ್ಲ. ಯಾರಾದರೂ ತೆರೆದಿದ್ದರೆ ತಪ್ಪು ಹೊಲದವನ ಕಡೆಯದು; ಹೊಲ ಊರಿಗೆ ಸೇರುತ್ತದೆ, ಹುಡುಗಿ ಪಾಸು.

ನಾನು ಭಾವನಿಗೆ ಏನು ಹೇಳಿದೆನೆಂದು ಬರೆಯಲು ಈ ಬೆರಳು ಒಪ್ಪುತ್ತಿಲ್ಲ, ಆದರೂ ಬರೆಯುತ್ತೇನೆ. "ಸುಮ್ನಿರ್ರಿ. ಡಬ್ಬಿ ಸೋರಿತು ಅಂದ್ರಾತು. ಹುಡುಗಿಗೇನು, ನಾಳೆ ಮದುವಿ ಮಾಡಿದ್ರೆ ಡಬ್ಬಿ ಮರೀತಾಳ." ಅವನು ಮುಚ್ಚಳ ಒತ್ತಿದ. ದಾರವನ್ನು ಮತ್ತೆ ಸುತ್ತಿ ಗಂಟು ಹಾಕಿದ.

ಒಂಬತ್ತನೆಯ ದಿನ ಗುಡಾರದ ಕೆಂಪು ದೀಪದಲ್ಲಿ ಕಾಗದವನ್ನು ಮದ್ದಿನ ನೀರಿಗಿಳಿಸಿದರು. ಕಾಡಿಗೆಯಷ್ಟು ಕಪ್ಪಾಯಿತು. ಹೊರಗೆ ತಂದು ಎತ್ತಿ ಹಿಡಿದಾಗ ಜನ ಗೊಳ್ಳೆಂದರು. ಹುಲಿಗೆಮ್ಮ ಅಳಲಿಲ್ಲ, ಅಪ್ಪನ ಮುಖವನ್ನೇ ನೋಡುತ್ತಾ ನಿಂತಳು. ಹಿರಿಯ ಪಟಗಾತಿ ಕೊಟ್ರವ್ವ, ಶಂಕೆದಾರನಿಗೆ ಏನು ಅನುಮಾನವೆಂದು ಕೇಳಿದಳು. ಎರ್ರಿಸ್ವಾಮಿ ಎದ್ದು ನಿಂತು, "ನನ್ನ ಅನುಮಾನ ನನ್ನ ಮ್ಯಾಲೇ ಐತವ್ವ. ನಾನು ತೆರೆದೆ" ಎಂದ.

ಯಾರೂ ನಂಬಲಿಲ್ಲ. ಮಗಳನ್ನು ಉಳಿಸಲು ಅಪ್ಪ ಹೇಳುವ ಸುಳ್ಳು ಇದೇ ತಾನೆ, ಎಂದರು. "ತೂಕದ ಕಲ್ಲು ನೋಡದವ ಮಗಳ ಡಬ್ಬಿ ನೋಡ್ತಾನಾ, ಹೋಗ್ರಿ" ಎಂದು ಹಿಂದಿನಿಂದ ಒಬ್ಬ ಕೂಗಿದ. ಆಗ ಕೊಟ್ರವ್ವ ನನ್ನ ಕಡೆ ತಿರುಗಿದಳು. ಹೇಳುವವನಿಗೇ ನಷ್ಟ ತರುವ ಮಾತು ಮಾತ್ರ ಸಾಕ್ಷಿ ಎಂಬುದು ನಮ್ಮ ಕಟ್ಟಳೆಯ ಬೇರು. ಡಬ್ಬಿ ಸೋರಿತ್ತೆಂದರೆ ನನ್ನ ಹೊಲ ಉಳಿಯುತ್ತದೆ. ತೆರೆದದ್ದು ಕಂಡೆನೆಂದರೆ ಹೋಗುತ್ತದೆ. "ಗಾದಿಲಿಂಗಪ್ಪಾ, ಸೋರಿತ್ತಾ?"

ನಾನು ಪಟಗಾತಿಯಂತೆ ನೂರು ಉಸಿರು ಎಣಿಸಿದೆ. ಐವತ್ತೆಂಟು ವರ್ಷ ಈ ಊರಿಗೆ ಬಗೆಬಗೆಯ ಮಾತು ಹೇಳಿದ್ದೇನೆ, ಒಂದನ್ನೂ ಯಾರೂ ನಂಬಿದವರಲ್ಲ, ನಂಬಲೆಂದು ನಾನೂ ಹೇಳಿದವನಲ್ಲ. ಹುಡುಗಿ ನನ್ನ ಕಡೆ ನೋಡಲೇ ಇಲ್ಲ. ನೋಡಿದ್ದರೆ ಬಹುಶಃ ಸಿಟ್ಟು ಬಂದು ಸೋರಿತ್ತೆಂದು ಬಿಡುತ್ತಿದ್ದೆನೇನೋ.

"ಸೋರಿಲ್ಲವ್ವ. ನಮ್ಮ ಭಾವ ತೆರೆದ, ನಾನು ಕಂಡೆ. ತೆರೆಯೋ ಹಂಗೆ ಮಾಡಿದ್ದೂ ನಾನೇ" ಎಂದೆ.

ಊರು ನಂಬಿತು. ನನಗದು ಹೊಸದು. ಮೈಮೇಲೆ ಯಾರೋ ತಣ್ಣೀರು ಹೊಯ್ದಂತಾಯಿತು.

ಅವತ್ತು ಸಂಜೆ ಹುಲಿಗೆಮ್ಮ ನನ್ನ ಅಟ್ಟ ಹತ್ತಿ ಬಂದು ಎಮ್ಮೆಯ ಪಕ್ಕ ಕೂತಳು. ಏಳನೆಯ ದಿನವೇ ಅವಳಿಗೆ ತಿಳಿದಿತ್ತಂತೆ. ದಾರದ ಗಂಟು ಅವಳದಾಗಿರಲಿಲ್ಲ. "ಅಪ್ಪ ಹೇಳ್ತಾನೋ ಇಲ್ಲೋ ಅಂತ ಎರಡು ದಿನ ಕಾದೆ, ಮಾವ. ಹೇಳ್ತಾನೆ ಅಂತ ಅರ್ಧ ನಂಬಿದ್ದೆ. ನಿನ್ನ ಮ್ಯಾಲೆ ಮಾತ್ರ ಕಾಸಿನಷ್ಟೂ ನಂಬಿಕೆ ಇರಲಿಲ್ಲ." ಅವಳು ಈಗ ಪಟಗಾತಿ. ಬೆಳಿಗ್ಗೆ ಅವಳು ದಡಕ್ಕೆ ಹೊರಟರೆ ಭಾವ ಬಾಗಿಲವರೆಗೆ ಬರುತ್ತಾನೆ, ಬಾಯಿಗೆ ಬಂದ ಪ್ರಶ್ನೆಯನ್ನು ನುಂಗುತ್ತಾನೆ. ನುಂಗುವುದು ಕಾಣುತ್ತದೆ. ಅವಳೂ ಕಂಡು, ಕೇಳದಿದ್ದರೂ ಎಲ್ಲಿಗೆ ಹೋಗುತ್ತೇನೆಂದು ಹೇಳಿ ಹೋಗುತ್ತಾಳೆ. ಮೊದಲಿನಂತಾಗಿದೆ ಎಂದು ನಾನು ಹೇಳಲಾರೆ.

ಅಪ್ಪನೆನಿಸಿಕೊಂಡವನೇ, ನಿನಗೆ ನನ್ನ ಬೇಡಿಕೆ ಇಷ್ಟೇ. ನಿನ್ನ ಮಗಳ ಕೈಯಲ್ಲಿರುವುದು ತಗಡಿನ ಡಬ್ಬಿಯಲ್ಲ, ನೀನು ತೆರೆದು ನೋಡಿದರೆ ಅದರೊಳಗಿನ ಚಿತ್ರ ಅಳಿಸುವುದಿಲ್ಲ ಎಂದು ನೀನು ಧೈರ್ಯವಾಗಿರಬಹುದು. ಅಳಿಸುವುದು ಬೇರೆ ಇದೆ. ಅವಳೇ ತೋರಿಸುವ ತನಕ ಕಾಯಿ. ಪಕ್ಕದಲ್ಲಿ ಕೂತು ನಗಾಡುತ್ತಾ ಕಿವಿಯೂದುವ ಮಾವಂದಿರನ್ನು ಎಲೆಅಡಿಕೆ ಕೊಟ್ಟು ಬೇಗ ಕಳಿಸು.

ಎಷ್ಟು ಹೋಯಿತೆಂದು ಕೇಳಿದವರಿಗೆ ಊರಲ್ಲಿ ನಾನು ಎರಡು ಮಡಿ ಎನ್ನುತ್ತೇನೆ. ನನ್ನ ಹೆಂಡತಿಯ ತವರಿನವರಿಗೆ ಒಂದು ಎಕರೆ ಎಂದಿದ್ದೇನೆ. ನೀವು ನೂರೈವತ್ತು ವರ್ಷಕ್ಕಿಂತ ಹೆಚ್ಚು ದೂರದಲ್ಲಿದ್ದೀರಿ, ಬಂದು ಅಳೆಯಲಾರಿರಿ, ಆದ್ದರಿಂದ ನಿಜ ಹೇಳುತ್ತೇನೆ. ಹೋದದ್ದು ನಾಲ್ಕು ಎಕರೆ ಹದಿನೇಳು ಗುಂಟೆ. ನನಗಿದ್ದದ್ದೂ ಅಷ್ಟೇ.