ಹಾಜರಾಳ ಹೆಸರು ಬರೆದವಳು

ಮದೀನಾ
ಶುಕ್ರವಾರ, 3-4-1998

ಪ್ರೀತಿಯ ತಂಗಿ ಹಾಜರಾ,

ಅಸ್ಸಲಾಮು ಅಲೈಕುಂ. ಬರೆಯುತ್ತಿರುವವಳು ನಿನ್ನ ಅಕ್ಕ ಖದೀಜತ್. ತೀರಿಹೋದ ಬಟ್ಟೆ ವ್ಯಾಪಾರಿ ಪೊಡಿಯಬ್ಬರ ಹೆಂಡತಿ, ಮದೀನಾದಲ್ಲಿ ಅಂಗಡಿ ಇಟ್ಟಿರುವ ಫಾರಿಸನ ತಾಯಿ, ನಮ್ಮ ಜಮಾಅತಿನಲ್ಲಿ ಎಸ್ಸೆಸ್ಸೆಲ್ಸಿ ಪಾಸಾದ ಮೊದಲ ಹೆಣ್ಣು. ಊರಿನ ಯಾವ ಮನೆಯಲ್ಲಿ ಮದುವೆ ಮಾತುಕತೆಯಾದರೂ “ಖದೀಜಮ್ಮನನ್ನು ಒಂದು ಮಾತು ಕೇಳಿ” ಎನ್ನುವ ರೂಢಿಯಿದೆ. ಇದೆಲ್ಲ ನಿನಗೆ ಗೊತ್ತಿರುವುದೇ. ಗೊತ್ತಿದ್ದವಳಿಗೇ ಮತ್ತೆ ಯಾಕೆ ಬರೆಯುತ್ತಾಳೆ ಎಂದು ನಗಬೇಡ. ಕಾಗದ ಓದಿ ಮುಗಿಸಿದ ಮೇಲೆ ಇದರಲ್ಲಿ ಎಷ್ಟು ನನ್ನದು ಎಂದು ನೀನೇ ಹೇಳಬೇಕು.

ನಿನ್ನ ಮೈ ಹೇಗಿದೆ? ಮಳೆಗಾಲದಲ್ಲಿ ಹಿಡಿದ ಕೆಮ್ಮು ಇನ್ನೂ ಬಿಟ್ಟಿಲ್ಲವೆಂದು ಕೇಳಿದೆ. ಬೀಡಿಯ ಹೊಗೆಸೊಪ್ಪಿನ ಧೂಳು ಎದೆಗೆ ಕೂರುತ್ತದೆ, ಒಳಗೆ ಕುಳಿತು ಕಟ್ಟಬೇಡ, ಜಗಲಿಯ ಗಾಳಿಗೆ ಬಾ ಎಂದು ಎಷ್ಟು ಸಲ ಹೇಳಿದ್ದೇನೆ. ನಿನ್ನ ಗಂಡ ಶಂಸುದ್ದೀನನ ಕಣ್ಣಿನ ಪೊರೆ ತೆಗೆದದ್ದು ಒಳ್ಳೆಯದಾಯಿತು. ಡಾಕ್ಟರು ಹೇಳಿದಷ್ಟು ದಿನ ತಲೆಗೆ ನೀರು ಸುರಿಯದಿರಲಿ, ಅವನಿಗೆ ಯಾರ ಮಾತೂ ಬೇಡ. ಇಲ್ಲಿ ನಾವು ಮೂವರೂ ಸೌಖ್ಯ. ಊರಿಡೀ ಹಜ್ಜಿಗೆ ಬಂದವರು ತುಂಬಿದ್ದಾರೆ. ಫಾರಿಸನ ಅಂಗಡಿಯಲ್ಲಿ ನಮಾಜಿನ ಚಾಪೆ ಮಡಚಿಡಲು ಪುರುಸೊತ್ತಿಲ್ಲ. ಮೊನ್ನೆ ಜನಜಂಗುಳಿಯಲ್ಲಿ ಯಾರೋ “ಕೈ ಬಿಡಬೇಡ ಮಾರಾಯ್ತಿ” ಎಂದು ಕೂಗಿದರು. ನಮ್ಮ ಕಡೆಯವರೇ ಎಂದು ತಿರುಗುವಷ್ಟರಲ್ಲಿ ಜನ ಮುಚ್ಚಿಕೊಂಡಿತು.

ಈಗ ವಿಷಯಕ್ಕೆ ಬರುತ್ತೇನೆ. ಫಾರಿಸನ ಹೆಂಡತಿ ಶಹಾನಾ ಬಿ.ಎ. ಓದುತ್ತಿದ್ದಾಗಲೇ ಮದುವೆಯಾಗಿ ಬಂದವಳಲ್ಲವೇ. ಅವಳ ಓದು ನಿಲ್ಲಬಾರದೆಂದು ಹಟ ಹಿಡಿದವಳು ನಾನೇ. ಮೈಸೂರಿನಿಂದ ಅಂಚೆಯಲ್ಲಿ ಕನ್ನಡದ ಪಾಠಗಳು ಬರುತ್ತವೆ, ಪರೀಕ್ಷೆಗೆ ಮಾತ್ರ ಊರಿಗೆ ಹೋಗುತ್ತಾಳೆ. ದಿನಾ ಅಸರ್ ನಮಾಜು ಮುಗಿದ ಮೇಲೆ ನಾನು ಪಾಠದ ಪುಸ್ತಕ ಹಿಡಿದು ಕೂರುವುದು, ಅವಳು ಎದುರು ಕುಳಿತು ಒಪ್ಪಿಸುವುದು. ಒಂದು ಇಸವಿ ತಪ್ಪಿದರೂ ನಾನು ಬಿಡುವುದಿಲ್ಲ. “ಮಾಮಿ, ಪರೀಕ್ಷೆಯವರು ಕೂಡ ಇಷ್ಟು ಕೇಳುವುದಿಲ್ಲ” ಎಂದು ಮುಖ ಉಬ್ಬಿಸುತ್ತಾಳೆ. “ಪರೀಕ್ಷೆಯವರು ನಿನ್ನ ಅತ್ತೆಯಲ್ಲವಲ್ಲ” ಎಂದು ನಾನೂ ಬಿಡುವುದಿಲ್ಲ. ನನ್ನ ಎಸ್ಸೆಸ್ಸೆಲ್ಸಿಗೆ ಇಷ್ಟು ವರ್ಷಗಳ ಮೇಲೆ ಒಂದು ಕೆಲಸ ಸಿಕ್ಕಿತು ಎಂದು ನನಗೆ ಎಷ್ಟು ಹೆಮ್ಮೆ ಇತ್ತೆಂದರೆ ನೆರೆಮನೆಯ ಹೆಂಗಸರನ್ನು ಕರೆದು ಕೂರಿಸಿ ಅವರೆದುರೇ ಪ್ರಶ್ನೆ ಕೇಳುತ್ತಿದ್ದೆ.

ಮೂರು ವಾರದ ಹಿಂದೆ ಬಂದದ್ದು ಮಧ್ಯಯುಗದ ಯುರೋಪಿನ ವಿಶ್ವವಿದ್ಯಾಲಯಗಳ ಪಾಠ. ಏಳೆಂಟು ನೂರು ವರ್ಷದ ಹಿಂದಿನ ಕತೆ, ಆದರೆ ಓದುತ್ತಾ ಹೋದರೆ ನೆರೆಮನೆಯದೇ ಅನಿಸುತ್ತದೆ. ಪ್ಯಾರಿಸಿನಲ್ಲಿ ಹುಡುಗರು ನೆಲದ ಮೇಲೆ ಹುಲ್ಲು ಹಾಸಿ ಕುಳಿತು, ಬೆಳಕು ಹರಿಯುವ ಮೊದಲೇ ಪಾಠ ಕೇಳುತ್ತಿದ್ದರಂತೆ. ಬೊಲೋನ್ಯಾ ಎಂಬ ಊರಿನಲ್ಲಿ ಮೇಷ್ಟ್ರು ತಡವಾಗಿ ಬಂದರೆ ಹುಡುಗರೇ ಅವರಿಗೆ ದಂಡ ಹಾಕುತ್ತಿದ್ದರಂತೆ. “ಇದೆಂತ ಕಾಲ! ಕಿವಿ ಹಿಂಡುವವರು ಯಾರೂ ಇರಲಿಲ್ಲವೇ?” ಎಂದು ನಾನು ಕೇಳಿದ್ದಕ್ಕೆ ಶಹಾನಾ “ನೀವು ಅಲ್ಲಿ ಇರಲಿಲ್ಲವಲ್ಲ ಮಾಮಿ” ಅಂದಳು. ಹೊಸದಾಗಿ ಸೇರಿದ ಹುಡುಗನಿಗೆ ಸುಳ್ಳು ಕೊಂಬು ಕಟ್ಟಿ, ಇವನು ಇನ್ನೂ ಮೃಗ, ಮನುಷ್ಯನನ್ನಾಗಿ ಮಾಡಬೇಕು ಎಂದು ಗರಗಸದಿಂದ ಆ ಕೊಂಬು ಕೊಯ್ಯುತ್ತಿದ್ದರಂತೆ. ವೈದ್ಯ ಕಲಿಯುವವರಿಗೆ ನಮ್ಮ ಇಬ್ನ್ ಸೀನಾರ ಗ್ರಂಥವೇ ಪಾಠವಾಗಿತ್ತು ಎಂದಾಗ ನಾನೇ ಬರೆದವಳ ಹಾಗೆ ನೆಟ್ಟಗೆ ಕುಳಿತೆ.

ಆಮೇಲೆ ಆ ಒಂದು ಪ್ಯಾರಾ ಬಂತು. ಎಲ್ಲ ದೇಶದ ಹುಡುಗರೂ ಬಂದು ಸೇರುವ ಜಾಗವಲ್ಲವೇ, ವಿದ್ಯೆಯೆಲ್ಲ ಲ್ಯಾಟಿನಿನಲ್ಲಿ. ಜರ್ಮನಿಯ ಕಡೆ ಕೆಲವು ವಿಶ್ವವಿದ್ಯಾಲಯಗಳಲ್ಲಿ ಹುಡುಗರು ತಮ್ಮೊಳಗೆ ಮಾತಾಡುವಾಗಲೂ ಮನೆಮಾತು ಆಡುವಂತಿರಲಿಲ್ಲ. ಯಾರು ಆಡುತ್ತಾರೆ ಎಂದು ಹಿಡಿಯಲು ಹುಡುಗರಲ್ಲೇ ಒಬ್ಬನನ್ನು ಗುಟ್ಟಾಗಿ ನೇಮಿಸುತ್ತಿದ್ದರು. ಅವನು ಯಾರೆಂದು ಉಳಿದವರಿಗೆ ಗೊತ್ತಿಲ್ಲ. ಜೊತೆಗೇ ಉಣ್ಣುತ್ತಾನೆ, ಜೊತೆಗೇ ಮಲಗುತ್ತಾನೆ, ಮೆಲ್ಲನೆ ಹೋಗಿ ಹೆಸರು ಕೊಡುತ್ತಾನೆ. ಅಂಥವನಿಗೆ ತೋಳ ಎಂದು ಹೆಸರು. ಶಹಾನಾ ಇದನ್ನು ಒಪ್ಪಿಸಿ, “ನಮ್ಮ ಕಾಲೇಜಿನಲ್ಲಿ ಅಂಥಾ ತೋಳ ಇದ್ದಿದ್ದರೆ ಬೆನ್ನಿಗೆ ತುರಿಕೆ ಸೊಪ್ಪು ಉಜ್ಜಿ ಬಿಡ್ತಿದ್ದೆವು” ಎಂದು ನಕ್ಕಳು. ನೆರೆಮನೆಯವರೂ ನಕ್ಕರು. ನಾನು ನಗಲಿಲ್ಲ. ಶಾಲೆಯೆಂದ ಮೇಲೆ ಶಿಸ್ತು ಬೇಡವೇ ಎಂದು ಗದರಿದೆ. ಅವಳು ಪಾಪ, ಸುಮ್ಮನೆ ಯೋಚಿಸಿ ಕೇಳಿದಳು: “ಅದಲ್ಲ ಮಾಮಿ, ಆ ತೋಳನಿಗೆ ಒಬ್ಬನ ಮೇಲೆ ಹೊಟ್ಟೆಕಿಚ್ಚು ಇದ್ದು ಸುಳ್ಳು ಹೆಸರು ಕೊಟ್ಟರೆ? ಯಾರಲ್ಲಿ ಹೇಳುವುದು? ಪಾಠದಲ್ಲಿ ಅದು ಇಲ್ಲ.” ನಾನು ಪುಸ್ತಕ ಮುಚ್ಚಿ, ಇವತ್ತಿಗೆ ಸಾಕು ಅಂದೆ.

ಹಾಜರಾ, ಹೈಸ್ಕೂಲಿನಲ್ಲಿ ಐದನೆಯ ಫಾರಂ ಓದುವಾಗ ನಿನ್ನ ಹೆಸರು ಬರೆದುಕೊಟ್ಟವಳು ನಾನು.

ಇಷ್ಟು ಬರೆದು ಎದ್ದುಹೋಗಿ ಮುಖ ತೊಳೆದು ಬಂದು ಮತ್ತೆ ಕುಳಿತಿದ್ದೇನೆ. ಅರ್ಧ ಹೇಳಿ ಬಿಡುವುದು ಸರಿಯಲ್ಲ. ಆ ವರ್ಷ ಹೆಡ್ಮಾಸ್ಟರು ತಂದ ಕಾನೂನು ನಿನಗೆ ನೆನಪಿದೆ. ಕಂಪೌಂಡಿನೊಳಗೆ ಕನ್ನಡವೇ ಆಗಬೇಕು. ಬ್ಯಾರಿ, ತುಳು, ಕೊಂಕಣಿ ಯಾವುದೂ ಕೂಡದು. ಮೂರು ಸಲ ಹೆಸರು ಬಂದರೆ ಮನೆಯಿಂದ ತಂದೆಯನ್ನು ಕರೆಸುವುದು. ಹೆಸರು ಕೊಡುವವರು ಯಾರೆಂದು ಯಾರಿಗೂ ತಿಳಿಯದ ಹಾಗೆ ಅವರು ನನ್ನನ್ನು ಆಫೀಸು ಕೋಣೆಗೆ ಕರೆದು ಹೇಳಿದ್ದರು. ದೊಡ್ಡ ಜವಾಬ್ದಾರಿ ಸಿಕ್ಕಿತೆಂದು ನಾನು ಉಬ್ಬಿದೆ. ಮೊದಲನೆಯ ಸಲ ನಿನ್ನ ಹೆಸರು ಕೊಟ್ಟದ್ದು ನಿಜಕ್ಕೇ. ಪೇರಳೆ ಮರದ ಕೆಳಗೆ ನೀನು ನನ್ನಲ್ಲೇ ಬ್ಯಾರಿಯಲ್ಲಿ ಉಪ್ಪು ಕೇಳಿದ್ದೆ. ಉಳಿದ ಎರಡು ಸಲ ನೀನು ಬಾಯಿಯನ್ನೇ ತೆರೆದಿರಲಿಲ್ಲ.

ಯಾಕೆ ಕೊಟ್ಟೆ? ವಿಷಮಜ್ವರ ಬಂದು ಒಂದು ವರ್ಷ ಕಳೆದುಕೊಂಡು ನಾನು ನಿನ್ನ ತರಗತಿಗೇ ಬಂದು ಬಿದ್ದವಳು. ಅರ್ಧವಾರ್ಷಿಕದಲ್ಲಿ ನೀನು ಮೊದಲನೆಯವಳು, ನಾನು ಐದನೆಯವಳು. ಲೆಕ್ಕದ ಉತ್ತರಪತ್ರಿಕೆ ಕೊಡುವಾಗ ಹೆಡ್ಮಾಸ್ಟರು ಎಲ್ಲರೆದುರು, “ಹಾಜರಾ, ಅಕ್ಕನಿಗೂ ಸ್ವಲ್ಪ ಹೇಳಿಕೊಡು” ಅಂದರು. ಇಡೀ ತರಗತಿ ನಕ್ಕಿತು. ನೀನೂ ನಕ್ಕೆ. ಅದರಲ್ಲಿ ಕೆಟ್ಟದ್ದು ಏನೂ ಇರಲಿಲ್ಲವೆಂದು ಈಗ ಗೊತ್ತು. ಆ ವಾರವೇ ಎರಡು ಚೀಟಿ ಬರೆದೆ.

ಅಬ್ಬ ಒಣಮೀನಿನ ಅಂಗಡಿ ಮುಚ್ಚಿ, ಮದುವೆಗೆ ಹಾಕುವ ಕೋಟು ಹಾಕಿಕೊಂಡು ಶಾಲೆಗೆ ಬಂದದ್ದು ನೆನಪಿದೆಯಾ? ಹೆಣ್ಣುಮಕ್ಕಳನ್ನು ಹೈಸ್ಕೂಲಿಗೆ ಕಳಿಸುತ್ತಾನೆಂದು ಜಮಾಅತಿನಲ್ಲಿ ಎಷ್ಟು ಮಾತು ಕೇಳಿದವರು ಅವರು. ಹೆಡ್ಮಾಸ್ಟರ ಮೇಜಿನ ಮುಂದೆ ಟೊಪ್ಪಿ ಕೈಯಲ್ಲಿ ಹಿಡಿದು ನಿಂತಿದ್ದರು. ನೀನು ಅಳುತ್ತಾ, “ನಾನು ಮಾತಾಡಲೇ ಇಲ್ಲ ಅಬ್ಬಾ, ಬೇಕಾದರೆ ಅಕ್ಕನಲ್ಲಿ ಕೇಳಿ, ಅವಳು ನನ್ನ ಹತ್ತಿರವೇ ಇದ್ದಳು” ಅಂದೆ. ಅಬ್ಬ ನನ್ನ ಮುಖ ನೋಡಿದರು. ನಾನು “ನನಗೆ ಗೊತ್ತಿಲ್ಲ” ಅಂದೆ. ಹೆಡ್ಮಾಸ್ಟರಿಗೆ ಗೊತ್ತಿತ್ತು ಚೀಟಿ ಯಾರದೆಂದು, ಅವರೂ ಸುಮ್ಮನಿದ್ದರು. ದಾರಿಯಲ್ಲಿ ಅಬ್ಬ, “ಇಬ್ಬರನ್ನು ಕಳಿಸಿ ಮಾನ ಹೋದದ್ದು ಸಾಕು, ಇನ್ನು ಒಬ್ಬಳು ಹೋದರೆ ಆಯಿತು” ಅಂದದ್ದು ಅಷ್ಟೇ. ನೀನು ಪುಸ್ತಕದ ಚೀಲವನ್ನು ನನ್ನ ಕೈಗೆ ಕೊಟ್ಟು, “ಲೆಕ್ಕದ ಪುಸ್ತಕಕ್ಕೆ ನಿನ್ನದಕ್ಕಿಂತ ಒಳ್ಳೆಯ ರಟ್ಟು ಹಾಕಿದ್ದೇನೆ, ಅದನ್ನೇ ಇಟ್ಟುಕೋ” ಅಂದೆ. ಅದರಲ್ಲೇ ಓದಿ ನಾನು ಪಾಸಾದೆ.

ಇನ್ನೊಂದು ಪಾಪವಿದೆ. ಹೆಸರು ಕೊಟ್ಟವಳು ಪೋಸ್ಟ್‌ಮಾಸ್ಟರರ ಮಗಳು ಜಾಯ್ಸ್ ಎಂದು ನೀನು ತಿಳಿದೆ, ಒಂದೇ ಬೆಂಚಿನವಳು ಎಂಬ ಕಾರಣಕ್ಕೆ. ನಿನ್ನ ಜೀವದ ಗೆಳತಿ ಅವಳು. ಅವತ್ತು ಮಾತು ಬಿಟ್ಟವಳು ನೀನು ಅವಳ ಮದುವೆಗೆ ಹೋಗಲಿಲ್ಲ, ಕ್ರಿಸ್ಮಸ್ಸಿಗೆ ಅವಳು ಕಳಿಸಿದ ಕುಸ್ವಾರ್ ತಿಂಡಿಯ ತಟ್ಟೆಯನ್ನು ಬಟ್ಟೆ ಕೂಡ ಬಿಚ್ಚದೆ ಹಿಂದೆ ಕಳಿಸಿದೆ. ನಾನು ಪಕ್ಕದಲ್ಲಿ ನಿಂತು ನೋಡಿದೆ. ಒಮ್ಮೆ, “ಅಂಥವಳಿಗೆ ಹಾಗೇ ಆಗಬೇಕು” ಎಂದೂ ಹೇಳಿದೆ. ಬಂದವರೆಲ್ಲರ ಮುಂದೆ, “ನನ್ನ ತಂಗಿಗೆ ಓದು ತಲೆಗೆ ಹತ್ತಲಿಲ್ಲ” ಎಂದು ನಲವತ್ತೆರಡು ವರ್ಷ ಹೇಳುತ್ತಾ ಬಂದೆ. ನೀನು ಚಹಾ ತಂದಿಟ್ಟು, “ಹೌದು, ಅಕ್ಕನೇ ಬುದ್ಧಿವಂತೆ” ಎನ್ನುತ್ತಿದ್ದೆ. ಹೇಳಿ ಹೇಳಿ ನಾನೇ ಅದನ್ನು ನಂಬಿಬಿಟ್ಟಿದ್ದೆ.

ನಾನು ಮದೀನಾಕ್ಕೆ ಹೊರಡುವ ಮುಂಚೆ, ಅಲ್ಲಿಂದಲೇ ಹಜ್ಜಿಗೂ ಹೋಗುವುದೆಂದು, ಎಲ್ಲರೂ ಮಾಡುವ ಹಾಗೆ ಮನೆ ಮನೆಗೆ ಹೋಗಿ ಕ್ಷಮೆ ಕೇಳಿ ಬಂದೆನಷ್ಟೆ. ನಿನ್ನ ಮನೆಗೂ ಬಂದಿದ್ದೆ. ನೀನು ಹಿತ್ತಲಲ್ಲಿ ಬಂಗುಡೆ ಶುಚಿ ಮಾಡುತ್ತಿದ್ದೆ. “ಹಾಜರಾ, ಮಾತಿನಲ್ಲೋ ಕೆಲಸದಲ್ಲೋ ತಪ್ಪು ಏನಿದ್ದರೂ ಬಿಟ್ಟುಕೊಡು” ಎಂದು ನಿಂತಲ್ಲೇ ಹೇಳಿದೆ. ಹತ್ತು ಮನೆಯಲ್ಲಿ ಹೇಳಿದ ಮಾತೇ ಹನ್ನೊಂದನೆಯ ಮನೆಯಲ್ಲೂ. ನೀನು ಮೀನಿನ ಕೈಯನ್ನು ಸೆರಗಿನಿಂದ ದೂರ ಹಿಡಿದು ಎದ್ದು, “ಎಂತದು ಅಕ್ಕಾ, ನನ್ನಲ್ಲಿ ಕೇಳುವುದುಂಟಾ? ನಿನ್ನ ಮೇಲೆ ನನಗೆಂತ ಇದೆ? ಇದ್ದದ್ದೆಲ್ಲ ಬಿಟ್ಟೆ. ನನಗೂ ಒಂದು ದುಆ ಮಾಡು” ಅಂದೆ. ಏನನ್ನು ಬಿಟ್ಟೆ ಎಂದು ನಿನಗೆ ಗೊತ್ತಿರಲಿಲ್ಲ. ಗೊತ್ತಿದ್ದ ನಾನು ಹೇಳಲಿಲ್ಲ. ಅಲ್ಲಾಹನಿಗೆ ಮಾಡಿದ ತಪ್ಪನ್ನು ಅವನು ಮನ್ನಿಸಬಹುದು, ಮನುಷ್ಯರಿಗೆ ಮಾಡಿದ್ದನ್ನು ಆ ಮನುಷ್ಯರೇ ಬಿಟ್ಟುಕೊಡಬೇಕು ಎಂದು ಮದರಸದಲ್ಲಿ ನಾವಿಬ್ಬರೂ ಒಟ್ಟಿಗೇ ಕಲಿತದ್ದು. ನಾನು ನಿನ್ನಿಂದ ಪಡೆದದ್ದು ಕದ್ದ ಕ್ಷಮೆ. ಅದನ್ನು ಇಟ್ಟುಕೊಂಡು ಎರಡು ವರ್ಷ ಈ ಪುಣ್ಯಭೂಮಿಯಲ್ಲಿ ನಮಾಜು ಮಾಡಿದ್ದೇನೆ. ನೆನೆದರೆ ತಲೆ ಎತ್ತಲು ಆಗುವುದಿಲ್ಲ.

ಹೋದ ವರ್ಷ ಪರವಾನಗಿ ಸಿಗಲಿಲ್ಲ. ಈ ವರ್ಷ ಫಾರಿಸ್ ಓಡಾಡಿ ನನಗೂ ಅವನಿಗೂ ಪರವಾನಗಿ ಮಾಡಿಸಿದ್ದಾನೆ. ನಾಳೆ ನಮ್ಮ ಕಡೆಯವರ ಬಸ್ಸು ಮಕ್ಕಾಕ್ಕೆ ಹೊರಡುತ್ತದೆ. ನೆರೆಮನೆಯ ಹೆಂಗಸರು ಈಗಲೇ ನನ್ನನ್ನು ಹಜ್ಜುಮ್ಮ ಎಂದು ಕರೆಯುತ್ತಿದ್ದಾರೆ. ಸೋಮವಾರ ನಾನು ಫಾರಿಸನಿಗೂ ಶಹಾನಾಳಿಗೂ ಎಲ್ಲವನ್ನೂ ಹೇಳಿದೆ. ಫಾರಿಸ್, “ಉಮ್ಮಾ, ಶಾಲೆಯ ಕತೆಗೆ ಇಷ್ಟು ಯಾಕೆ? ಒಂದು ಫೋನು ಮಾಡಿ, ಎರಡು ನಿಮಿಷದಲ್ಲಿ ಎಳೇಮ್ಮ ಬಿಟ್ಟೆ ಅಂತಾರೆ” ಅಂದ. ಅವನು ಹೇಳಿದ್ದು ಸರಿ, ನೀನು ಬಿಟ್ಟೆ ಎಂದೇ ಹೇಳುತ್ತೀ. ಫೋನಿರುವ ಪಕ್ಕದ ಅಂಗಡಿಗೆ ಓಡಿ ಬಂದು, ಏದುಸಿರಲ್ಲಿ, ನಾಲ್ಕು ಜನ ನೋಡುತ್ತಿರುವಾಗ, ಅಕ್ಕನ ಹಜ್ಜು ತಪ್ಪಬಾರದೆಂದು ಹೇಳುತ್ತೀ. ಅದು ಇನ್ನೊಂದು ಕಳವು. ಶಹಾನಾ ಮರುದಿನ ಅಸರ್ ಆದ ಮೇಲೆ ಎಂದಿನಂತೆ ಪಾಠ ಒಪ್ಪಿಸಲು ಬಂದು ಕುಳಿತಳು. ನಾನು ಪುಸ್ತಕವನ್ನು ಅವಳ ಕೈಗೆ ಕೊಟ್ಟು, ನೀನೇ ಓದು, ನಾನು ಕೇಳುತ್ತೇನೆ ಅಂದೆ.

ಈ ಕಾಗದವನ್ನು ನೀನು ಒಬ್ಬಳೇ ಓದಿ ಮಡಚಿಡಬಾರದು. ಗಲ್ಫಿನ ಕಾಗದವನ್ನು ಮನೆಯವರೆಲ್ಲ ಕುಳಿತು ಕೇಳುವುದು ನಮ್ಮಲ್ಲಿ ರೂಢಿ. ಇದನ್ನೂ ಹಾಗೇ ಓದು, ನಿನ್ನ ಮಕ್ಕಳು ಸೊಸೆಯಂದಿರ ಎದುರು, ಗಟ್ಟಿಯಾಗಿ. ನಿನಗೆ ಓದು ಹತ್ತಲಿಲ್ಲ ಎಂಬ ಮಾತನ್ನು ಅವರು ಕೇಳಿದ್ದು ನನ್ನ ಬಾಯಿಂದ, ಅದು ಸುಳ್ಳೆಂದು ಕೇಳುವುದೂ ನನ್ನ ಮಾತಿನಲ್ಲೇ ಆಗಲಿ. ಜಾಯ್ಸ್‌ಗೆ ಬೇರೆ ಕಾಗದ ಬರೆದು ಇದರೊಂದಿಗೇ ಕಳಿಸುತ್ತಿದ್ದೇನೆ. ನೀನು ಅವಳ ಮನೆಗೆ ಹೋಗುವುದೂ ಬಿಡುವುದೂ ನಿನಗೆ ಸೇರಿದ್ದು. ಅದರಲ್ಲಿ ಅಕ್ಕನೆಂದು ನಾನು ಅಪ್ಪಣೆ ಕೊಡುವುದಿಲ್ಲ. ಹಿತ್ತಲಲ್ಲಿ ನಿಂತು ನೀನು ಕೊಟ್ಟ ಕ್ಷಮೆಯನ್ನು ಈ ಕಾಗದದಲ್ಲಿ ಹಿಂದಿರುಗಿಸುತ್ತಿದ್ದೇನೆ. ಮತ್ತೆ ಕೊಡಬೇಕೋ ಬೇಡವೋ ಎಂದು ಬೇಕಾದಷ್ಟು ದಿನ ಯೋಚಿಸು. ಸಿಟ್ಟು ಬಂದರೆ ಸಿಟ್ಟಿನಲ್ಲೇ ಬರೆ. ನಿನ್ನ ಒಳ್ಳೆಯತನದ ಮೇಲೆ ನಾನು ಸಾಕಷ್ಟು ಬದುಕಿದೆ.

ಶಂಸುದ್ದೀನನಿಗೆ ಸಲಾಂ ಹೇಳು. ಮಕ್ಕಳಿಗೆಲ್ಲ ಅಲ್ಲಾಹನು ಆರೋಗ್ಯ ಕೊಡಲಿ, ನಿನ್ನ ಕೆಮ್ಮು ಗುಣವಾಗಲಿ. ಇಲ್ಲಿ ಮಾಡುವ ಪ್ರತಿ ದುಆದಲ್ಲೂ ನಿನ್ನ ಹೆಸರು ಮೊದಲು ಹೇಳುತ್ತೇನೆ.

ನಾಚಿಕೆಪಡುತ್ತಿರುವ ನಿನ್ನ ಅಕ್ಕ,
ಖದೀಜತ್

ಮತ್ತೆ: ಇದು ಶನಿವಾರ ಬರೆಯುತ್ತಿರುವುದು. ಊರಿಗೆ ಹೊರಟ ರಹಮತ್ ಕಾಗದಕ್ಕಾಗಿ ಕೆಳಗೆ ಕಾರಿನಲ್ಲಿ ಕಾಯುತ್ತಿದ್ದಾನೆ, ಅಕ್ಷರ ಚೆನ್ನಾಗಿಲ್ಲ. ಬಸ್ಸು ಹೋಯಿತು. ಫಾರಿಸನನ್ನು ಹತ್ತಿಸಿದೆ, ಅವನ ಹಜ್ಜನ್ನು ನಾನು ತಡೆಯಬಾರದು. ನಾನು ಹತ್ತಲಿಲ್ಲ. ಖದೀಜಮ್ಮ ಯಾಕೆ ಬರುವುದಿಲ್ಲ ಎಂದು ಎಲ್ಲರೂ ಕಿಟಕಿಯಿಂದ ಕೇಳುವಾಗ ಫಾರಿಸ್, “ಉಮ್ಮನಿಗೆ ಬಿ.ಪಿ. ಏರಿದೆ” ಅಂದ. ಮಗನ ಸುಳ್ಳಿನ ನೆರಳಲ್ಲಿ ಮನೆಗೆ ಬಂದು ಮಲಗಬಹುದಿತ್ತು. ಹಾಗೆ ಮಾಡದೆ ಬಸ್ಸಿನ ಮೆಟ್ಟಿಲ ಮೇಲೆ ನಿಂತು, ಬಿ.ಪಿ. ಅಲ್ಲ, ತಂಗಿಯ ಮೇಲೆ ಸುಳ್ಳು ಹೇಳಿ ಅವಳ ಶಾಲೆ ಬಿಡಿಸಿದವಳು ನಾನು, ಅವಳು ಬಿಟ್ಟುಕೊಡುವ ತನಕ ನನಗೆ ಹಜ್ಜಿಲ್ಲ ಎಂದು ನಮ್ಮ ಊರಿನ ನಲವತ್ತು ಜನರೆದುರು ಹೇಳಿ ಇಳಿದೆ.