ಯಜಮಾನಿಗೆ ನೆನಪಾಗಿದ್ದು ಕೊಡೆ

ಅಕ್ಕಾ, ಬೀಗ ಹಾಕಿದ ಇಸ್ತ್ರಿ ಅಂಗಡಿಯೊಳಗೆ ಕೂತು ಈ ಕಾರ್ಡ್ ಬರೀತಿದ್ದೀನಿ, ಗಾಬರಿಯಾಗಬೇಡ.

ನಮ್ಮ ಸಾಕ್ಷ್ಯಚಿತ್ರ ಈ ಅಂಗಡಿ ಬಗ್ಗೇನೇ. ಮೊದಮೊದಲು ಇಲ್ಲಿನ ಯಜಮಾನಿ ಕ್ಯಾಮೆರಾ ಕಂಡರೆ ಸಾಕು, ತಲೆ ಬಾಚಿಕೊಂಡು ನೆಟ್ಟಗೆ ನಿಂತುಬಿಡೋರು. "ನಾನು ಇಲ್ಲಿಲ್ಲ ಅಂದ್ಕೊಳ್ಳಿ" ಅಂತ ಹೇಳಿ ಹೇಳಿ ಸಾಕಾಗಿತ್ತು. ಇವತ್ತು ನಿಜವಾಗ್ಲೂ ಹಾಗೇ ಅಂದ್ಕೊಂಡರೋ ಏನೋ, ಕ್ಯಾಮೆರಾ ಹಿಡಿದು ಮೂಲೇಲಿದ್ದ ನನ್ನನ್ನ ಒಳಗೇ ಬಿಟ್ಟು, ಬೀಗ ಜಡಿದು ಊಟಕ್ಕೆ ಹೊರಟರು. ಅರ್ಧ ದಾರಿಗೆ ಹೋದವರು ವಾಪಸ್ ಬಂದರು, ನೆನಪಾಗಿದ್ದು ಕೊಡೆ. ಆಗಲೇ ಕೂಗಬಹುದಿತ್ತು. ಆದರೆ ನೇತುಹಾಕಿದ ಅಂಗಿಗಳ ನಡುವೆ ತಲೆ ತೂರಿಸಿ, "ಎಲ್ಲಿ ಹಾಳಾಗೋಯ್ತೋ ಇದು" ಅಂತ ಬೈತಾ ಹುಡುಕ್ತಿದ್ದರು. ಅಂಥಾ ಶಾಟ್ ಕೆಡಿಸಿಕೊಂಡು ಯಾರಾದರೂ ಕೂಗ್ತಾರಾ? ಕೊಡೆ ಸಿಕ್ಕಿತು, ಮತ್ತೆ ಬೀಗ ಬಿತ್ತು.

ಕೆಮ್ಮು ಇಳಿದಿದೆ, ನೀನು ಕೊಟ್ಟ ಮಾತ್ರೆ ಮುಗಿದಿವೆ. ಹಸಿವು ಮಾತ್ರ ಜೀವ ತಿಂತಿದೆ. ನಾನಿದ್ದ ಕಡೆ ಸಂತೆ ಗದ್ದಲ ಅಂತ ಆಡಿಕೊಳ್ಳೋ ಭಾವನಿಗೆ ಇದನ್ನ ಗಟ್ಟಿಯಾಗಿ ಓದಿ ಹೇಳು.

ಬೀಗ ತೆಗೆಯೋ ಸದ್ದಾಗ್ತಿದೆ. ಈ ಸಲ ಖಂಡಿತ ಕೂಗ್ತೀನಿ, ಅವರು ಒಳಗೆ ಬರೋದನ್ನ ಕ್ಯಾಮೆರಾದಲ್ಲಿ ತೆಗೆದಾದ ಮೇಲೆ.

ನಿನ್ನ ತಂಗಿ